ಎಂಟನೇ ನಿಮಿಷದ ವಾಚ್‌ಮನ್

ನಾಲ್ಕು ಮಹಡಿಯ ಆ ಕಟ್ಟಡದಲ್ಲಿ ಎಲ್ಲರೂ ಅವನನ್ನು ಇನ್‌ಸ್ಪೆಕ್ಟರ್ ಎಂದೇ ಕರೆಯುತ್ತಿದ್ದರು. ಅವನು ಪೊಲೀಸ್ ಠಾಣೆಯ ಮೆಟ್ಟಿಲು ಹತ್ತಿದ್ದು ಜೀವಮಾನದಲ್ಲಿ ಒಂದೇ ಸಲ. ಅದೂ ಕಳೆದುಹೋದ ಡ್ರೈವಿಂಗ್ ಲೈಸೆನ್ಸಿನ ಬಗ್ಗೆ ದೂರು ಕೊಡಲು. ಪೇದೆ "ಎಲ್ಲಿ ಕಳ್ಕೊಂಡ್ರಿ?" ಎಂದು ಕೇಳಿದ ಧಾಟಿಗೇ ಬೆವತು, ಎರಡು ಬಾರಿ ಕ್ಷಮೆ ಕೇಳಿ, ತಪ್ಪು ವಿಳಾಸ ಬರೆಸಿ ಬಂದಿದ್ದ. ಆದರೆ ಟಿವಿಯಲ್ಲಿ ಪ್ರತಿ ಶುಕ್ರವಾರ ಬರುವ ಅಪರಾಧ ಕಾರ್ಯಕ್ರಮದ ಕೊನೆಯಲ್ಲಿ, ಅಕ್ಷರಗಳು ಸರ್ರನೆ ಮೇಲಕ್ಕೆ ಓಡುವಾಗ, ಚಿತ್ರಕಥೆ-ಸಂಭಾಷಣೆ ಎಂಬಲ್ಲಿ ಬರುವ ಹೆಸರು ಅವನದು. ಹನ್ನೆರಡು ವರ್ಷದಲ್ಲಿ ಆರುನೂರ ಹನ್ನೊಂದು ಕಂತು. ವಾರಕ್ಕೊಂದರಂತೆ ಆರುನೂರ ಇಪ್ಪತ್ನಾಲ್ಕು ಆಗಬೇಕಿತ್ತು. ಹದಿಮೂರು ವಾರ ಕ್ರಿಕೆಟ್ ಇತ್ತು.

ಆರುನೂರ ಹನ್ನೊಂದು ಅಪರಾಧಗಳನ್ನು ಪತ್ತೆ ಹಚ್ಚಿದ ಮನುಷ್ಯ ಮೂರನೇ ಮಹಡಿಯಲ್ಲಿದ್ದಾನೆ ಎಂದು ಉಳಿದ ಮಹಡಿಯವರು ನೆಮ್ಮದಿಯಾಗಿದ್ದರು. ಪತ್ತೆಯಾಗುವುದು ಹೇಗೆ ಎಂಬ ಗುಟ್ಟು ಅವನಿಗೂ ನಿರ್ಮಾಪಕಿಗೂ ಮಾತ್ರ ಗೊತ್ತಿತ್ತು. ಕಥೆ ಬರೆಯುವ ಮೊದಲು ನಿರ್ಮಾಪಕಿ ಯಾವ ನಟರಿಗೆ ಯಾವ ದಿನ ಬಿಡುವಿದೆ ಎಂಬ ಪಟ್ಟಿ ಕಳಿಸುತ್ತಿದ್ದಳು. ಚಿತ್ರೀಕರಣದ ಕೊನೆಯ ದಿನ ಯಾರು ಬಿಡುವಾಗಿರುತ್ತಾರೋ ಅವರೇ ಅಪರಾಧಿ. ಅಳಿಯನ ಪಾತ್ರದವನಿಗೆ ಬೇರೆ ಧಾರಾವಾಹಿ ಸಿಕ್ಕಿತೋ, ಅಳಿಯ ನಿರಪರಾಧಿ. ನರ್ಸಿನ ಪಾತ್ರದವಳು ಮದುವೆಯಾಗಿ ಊರು ಬಿಟ್ಟಳೋ, ನರ್ಸಿನ ಮೇಲಿದ್ದ ಸಾಕ್ಷ್ಯವೆಲ್ಲ ಸುಳ್ಳು. ಯಾರೂ ಸಿಗದಿದ್ದರೆ ವಾಚ್‌ಮನ್. ಆ ಪಾತ್ರ ಮಾಡುವ ನಟನ ಮನೆ ಸ್ಟುಡಿಯೊದ ಹಿಂದಿನ ಬೀದಿಯಲ್ಲೇ ಇತ್ತು, ಕೂಗಿದರೆ ಬರುತ್ತಿದ್ದ. ಹೇಗೂ ಎಂಟನೇ ನಿಮಿಷದಲ್ಲಿ ಇನ್‌ಸ್ಪೆಕ್ಟರ್ ಪಾತ್ರದವನು ಟೋಪಿ ಸರಿಮಾಡಿಕೊಂಡು "ಮೊದಲು, ಗೇಟಿನಲ್ಲಿ ಇದ್ದವರು ಯಾರು?" ಎಂದು ಕೇಳಿ ವಾಚ್‌ಮನ್‌ನ ಕಡೆ ತಿರುಗುವುದು ಪ್ರತಿ ಕಂತಿನ ಪದ್ಧತಿ. ಅಲ್ಲಿಂದ ಜಾಹೀರಾತು.

ಈ ವೃತ್ತಿಯ ಇನ್ನೊಂದು ಪದ್ಧತಿಯನ್ನೂ ಹೇಳಬೇಕು. ಕಾರ್ಯಕ್ರಮದ ಸೆಟ್ ಮೇಸ್ತ್ರಿ, ಕಥೆಯಲ್ಲಿ ಏನು ಬರೆದಿದೆಯೋ ಅದನ್ನು ಕೊಳ್ಳುವ ಬದಲು ಹುಡುಕುತ್ತಿದ್ದ. ಬರಹಗಾರ ತನ್ನ ಕಣ್ಣ ಮುಂದಿದ್ದದ್ದನ್ನೇ ಬರೆಯುತ್ತಾನೆ ಎಂಬುದು ಅವನ ಅನುಭವ. ಆದ್ದರಿಂದ ಹುಡುಕಾಟ ಬರಹಗಾರನ ಮನೆಯಿಂದಲೇ ಶುರು. ಹೀಗೆ ಇವರ ಮನೆಯ ಬೆತ್ತದ ಕುರ್ಚಿ, ಬಟ್ಟೆ ಒಣಗಿಸುವ ಹಗ್ಗ, ಗೋಡೆ ಗಡಿಯಾರ ಸೆಟ್ ಸೇರಿದ್ದವು. ಗಡಿಯಾರವನ್ನು ಹತ್ತು ಗಂಟೆ ಹತ್ತು ನಿಮಿಷಕ್ಕೆ ನಿಲ್ಲಿಸಿ ತೂಗುಹಾಕಿದ್ದರು. ಎರಡು ವರ್ಷದಿಂದ ಆ ಕಾರ್ಯಕ್ರಮದಲ್ಲಿ ಯಾವ ಮನೆಯಲ್ಲಿ ಯಾರ ಕೊಲೆಯಾದರೂ ಹತ್ತೂ ಹತ್ತಕ್ಕೇ ಆಗುತ್ತಿತ್ತು. ಒಬ್ಬ ವೀಕ್ಷಕನೂ ಇದುವರೆಗೆ ದೂರಿರಲಿಲ್ಲ. ಹೆಂಡತಿ ಮಾತ್ರ ಶುಕ್ರವಾರ ಬಂದರೆ, "ರೀ, ನಮ್ಮ ಗಡಿಯಾರ ಬಂತು ನೋಡಿ. ಚೆನ್ನಾಗಿದೆಯಲ್ಲ ಪಾಪ" ಎಂದು ಉಸಿರು ಬಿಡುತ್ತಿದ್ದಳು.

ಇಂಥ ಮನೆಯ ಎದುರು ಬಾಗಿಲಲ್ಲಿ, ಒಂದು ಮಂಗಳವಾರ ಸಂಜೆ ಆರು ಗಂಟೆ ಐದು ನಿಮಿಷಕ್ಕೆ, ಒಂದು ಆರ್ತನಾದ ಕೇಳಿಸಿತು.

ಎದುರು ಮನೆಯವರು ನಿವಾಸಿಗಳ ಸಂಘದ ಕಾರ್ಯದರ್ಶಿ. ಅಳತೆ ಮತ್ತು ತೂಕದ ಇಲಾಖೆಯಲ್ಲಿ ಮೂವತ್ತನಾಲ್ಕು ವರ್ಷ ಅಂಗಡಿಯವರ ತಕ್ಕಡಿ ಹಿಡಿದವರು. ಅವರ ಬಾಗಿಲಿಗೆ ಹದಿನಾರು ಅಂಗುಲ ಉದ್ದ, ಒಂಬತ್ತು ಅಂಗುಲ ಅಗಲದ ಹಿತ್ತಾಳೆ ನಾಮಫಲಕವಿತ್ತು. ಮೊದಲ ಸಾಲಿನಲ್ಲಿ ಹೆಸರು, ಆಮೇಲೆ ನಾಲ್ಕು ಸಾಲು ಪದವಿ, ಹುದ್ದೆ. ನಿವೃತ್ತ ಎಂಬ ಒಂದು ಪದವನ್ನು ಓದಲು ಮಾತ್ರ ಕನ್ನಡಕ ಬೇಕಿತ್ತು. ಮಂಗಳವಾರ ಬೆಳಿಗ್ಗೆ ಅವರು ಕಣ್ಣು ಪರೀಕ್ಷೆಗೆ ಹೋಗಿ ಸಂಜೆ ಬರುವಷ್ಟರಲ್ಲಿ ಆ ಫಲಕ ಮಾಯವಾಗಿ, ಬಾಗಿಲಲ್ಲಿ ನಾಲ್ಕು ತೂತು ಉಳಿದಿದ್ದವು.

ಬುಧವಾರ ಸಂಜೆ ಕಾರು ನಿಲ್ಲಿಸುವ ಜಾಗದಲ್ಲಿ ತುರ್ತು ಸಭೆ ಸೇರಿತು. ಪ್ಲಾಸ್ಟಿಕ್ ಕುರ್ಚಿಗಳು ಬಂದವು. ಮೊದಲ ಮಹಡಿಯ ಹಲ್ಲಿನ ಡಾಕ್ಟರು ಕುರ್ಚಿಯಲ್ಲಿ ಹಿಂದಕ್ಕೆ ಒರಗಿ, "ಪೊಲೀಸಿಗೆ ಯಾಕೆ? ನಮ್ಮ ಬಿಲ್ಡಿಂಗಲ್ಲೇ ಇನ್‌ಸ್ಪೆಕ್ಟರ್ ಇದ್ದಾರಲ್ಲ" ಎಂದರು. ನಲವತ್ತು ಕಣ್ಣುಗಳು ಅವನ ಕಡೆ ತಿರುಗಿದವು. ಅವನ ಪಕ್ಕದಲ್ಲಿ ಕೂತಿದ್ದ ಅತ್ತೆಯ ಕಣ್ಣೂ ಅದರಲ್ಲಿತ್ತು. ಆರುನೂರ ಹನ್ನೊಂದು ಕಂತನ್ನೂ ನೋಡಿದ್ದ ಆ ಹಿರಿಯರು ಕಾರ್ಯಕ್ರಮವನ್ನು ಪೂರ್ತಿ ನಂಬುತ್ತಿದ್ದರು, ಅಳಿಯನನ್ನು ನಂಬುತ್ತಿರಲಿಲ್ಲ.

"ಅಳಿಯಂದ್ರಿಗೆ ಆಗಲ್ಲ ಬಿಡಿ. ಮನೇಲಿ ಕನ್ನಡಕ ಹುಡುಕೋಕೇ ನನ್ನ ಮಗಳು ಬೇಕು," ಎಂದರು ಅತ್ತೆ.

ಅಲ್ಲಿಗೆ ಮುಗಿಯಿತು. ಆ ಮಾತೊಂದು ಬರದಿದ್ದರೆ ಅವನು ಎದ್ದು ನಿಲ್ಲುತ್ತಿರಲಿಲ್ಲ. ನಿಂತ. ಇಲ್ಲದ ಟೋಪಿಯನ್ನು ಸರಿಮಾಡಿಕೊಂಡ. ಬಾಯಿ ತೆರೆದಾಗ, ಹನ್ನೆರಡು ವರ್ಷದಿಂದ ಇನ್ನೊಬ್ಬರ ಬಾಯಿಗೆ ಹಾಕುತ್ತಿದ್ದ ಮಾತು ತಾನಾಗಿ ಬಂತು:

"ಮೊದಲು, ಗೇಟಿನಲ್ಲಿ ಇದ್ದವರು ಯಾರು?"

ಎಲ್ಲರೂ ವಾಚ್‌ಮನ್‌ನ ಕಡೆ ತಿರುಗಿದರು. ಐವತ್ತು ದಾಟಿದ, ಕಡ್ಡಿಯಂಥ ಮನುಷ್ಯ. ಹೆಂಡತಿಯ ಜೊತೆ ಗೇಟಿನ ಪಕ್ಕದ ಒಂದೇ ಕೋಣೆಯಲ್ಲಿ ಒಂಬತ್ತು ವರ್ಷದಿಂದ ಇದ್ದ. ಕಂಕುಳಲ್ಲಿ ಉದ್ದನೆಯ ರಿಜಿಸ್ಟರ್ ಇಟ್ಟುಕೊಂಡು ಗೋಡೆಗೆ ಅಂಟಿ ನಿಂತಿದ್ದ.

"ನಾನೇ ಸಾರ್ ಇದ್ದದ್ದು. ರಿಜಿಸ್ಟರಲ್ಲಿ..."

"ಆಮೇಲೆ ಮಾತಾಡುವೆಯಂತೆ," ಎಂದರು ಕಾರ್ಯದರ್ಶಿ. "ಒಪ್ಪಿಕೊಂಡ, ನೋಡಿದ್ರಾ? ತಾನೇ ಇದ್ದೆ ಅಂದ!"

"ಇನ್‌ಸ್ಪೆಕ್ಟರು ಹೆಂಗೆ ಒಂದೇ ಪ್ರಶ್ನೆಗೆ ಬಾಯಿ ಬಿಡಿಸಿಬಿಟ್ರು!" ಎಂದರು ಡಾಕ್ಟರು. ಅವರ ಕೈಯಲ್ಲಿ ಇಷ್ಟು ಬೇಗ ಯಾರೂ ಬಾಯಿ ಬಿಟ್ಟಿರಲಿಲ್ಲ.

"ನಾನು ಅವನೇ ಅಂತ ಹೇಳಲಿಲ್ಲ," ಎಂದ ಇನ್‌ಸ್ಪೆಕ್ಟರ್.

"ಹೇಳೋದೇ ಬೇಡ. ನಿಮ್ಮ ನೂರ ಎಂಬತ್ತನೇ ಕಂತು. ಬೆಳ್ಳಿ ದೀಪ ಯಾರು ಕದ್ದದ್ದು? ವಾಚ್‌ಮನ್. ಇನ್ನೂರ ಆರು. ಮುದುಕಿಯ ಸರ? ವಾಚ್‌ಮನ್," ಎಂದು ಅತ್ತೆ ಬೆರಳು ಮಡಚತೊಡಗಿದರು. ಒಂದು ಕೈಯ ಬೆರಳು ಮುಗಿದು ಇನ್ನೊಂದಕ್ಕೆ ಹೋಯಿತು.

"ಅಮ್ಮಾ, ಇದರಲ್ಲಿ ಬರೆದಿದೆ, ಒಂದ್ಸಲ ನೋಡಿ..." ಎಂದು ವಾಚ್‌ಮನ್ ರಿಜಿಸ್ಟರ್ ಮುಂದೆ ಚಾಚಿದ.

"ಆಮೇಲೆ!" ಎಂದರು ಮೂವರು ಒಟ್ಟಿಗೆ.

ಭಾನುವಾರ ಬೆಳಿಗ್ಗೆ ಹನ್ನೊಂದರೊಳಗೆ ಫಲಕ ಬಾರದಿದ್ದರೆ ವಾಚ್‌ಮನ್ ಕೆಲಸವನ್ನೂ ಕೋಣೆಯನ್ನೂ ಬಿಡತಕ್ಕದ್ದು ಎಂದು ನಿರ್ಣಯವಾಯಿತು. ತನಿಖೆ ಮೂರನೇ ಮಹಡಿಯ ಮಾನ್ಯ ಇನ್‌ಸ್ಪೆಕ್ಟರದು.

ಗುರುವಾರ ಬೆಳಿಗ್ಗೆ ಅವನು ಗೇಟಿಗೆ ಇಳಿದ. ವಾಚ್‌ಮನ್ ಎದ್ದು ತನ್ನ ಸ್ಟೂಲು ಕೊಟ್ಟ. ಇವನು ಕೂರಲೂ ಆಗದೆ ನಿಲ್ಲಲೂ ಆಗದೆ ಸ್ಟೂಲಿನ ಅಂಚಿಗೆ ಒರಗಿದ.

"ಬೇಜಾರು ಮಾಡ್ಕೋಬೇಡ. ನಾನು ಸುಮ್ನೆ ಪದ್ಧತಿಗೆ ಕೇಳಿದ್ದು."

"ಗೊತ್ತು ಬಿಡಿ ಸಾರ್. ನಾನೂ ನಮ್ಮ ಮನೆಯವಳೂ ಪ್ರತಿ ಶುಕ್ರವಾರ ನೋಡ್ತೀವಿ. ಎಂಟನೇ ನಿಮಿಷಕ್ಕೆ ಹಿಡೀತಾರೆ, ಇಪ್ಪತ್ತಕ್ಕೆ ಬಿಡ್ತಾರೆ." ಸ್ವಲ್ಪ ಹೊತ್ತು ಗೇಟಿನ ಚಿಲಕ ನೋಡಿದ. "ಕೆಲವು ಸಲ ಬಿಡೋದೇ ಇಲ್ಲ. ಆವತ್ತು ಇವಳು ಮಧ್ಯದಲ್ಲೇ ಎದ್ದು ಪಾತ್ರೆ ತೊಳೆಯೋಕೆ ಹೋಗ್ತಾಳೆ. ಒಂದ್ಸಲ ಕೇಳಬೇಕು ಅಂತಿದ್ದೆ ಸಾರ್. ಆ ವಾಚ್‌ಮನ್ ಕಳ್ಳ ಅಂತ ಯಾವಾಗ ಬರುತ್ತೆ, ಯಾವಾಗ ಬರಲ್ಲ, ಅದಕ್ಕೇನಾದ್ರೂ ಲೆಕ್ಕ ಇದೆಯಾ?"

ಲೆಕ್ಕ ಇತ್ತು. ಹೇಳುವಂಥದ್ದಾಗಿರಲಿಲ್ಲ. ಅವನು ಮಾತು ತಿರುಗಿಸಲು, "ಅದೇನೋ ರಿಜಿಸ್ಟರ್ ಅಂತಿದ್ದೆಯಲ್ಲ" ಎಂದ.

ಒಂಬತ್ತು ವರ್ಷದಲ್ಲಿ ಆ ರಿಜಿಸ್ಟರನ್ನು ಓದಲು ಕೇಳಿದ ಮೊದಲ ಮನುಷ್ಯ ಅವನೇ. ವಾಚ್‌ಮನ್ ಅಂಗಿಯ ತುದಿಯಿಂದ ರಟ್ಟು ಒರೆಸಿ ಕೊಟ್ಟ. ಅಚ್ಚುಕಟ್ಟಾದ ಅಕ್ಷರ. ಬಂದ ಸಮಯ, ಬಂದವರು, ಯಾರ ಮನೆಗೆ, ಹೋದ ಸಮಯ, ಒಯ್ದ ವಸ್ತು. ಸುದ್ದಿಮನೆಗಳಲ್ಲೂ ಇಷ್ಟು ನಿಖರವಾಗಿ ಯಾರೂ ಬರೆಯುವುದಿಲ್ಲ. ಹಿಂದೊಂದು ದಿನದ ಪುಟದಲ್ಲಿ ‘ಬೆಕ್ಕು, ಬೂದು ಬಣ್ಣ, ಯಾರ ಮನೆಗೂ ಅಲ್ಲ’ ಎಂದೂ ಇತ್ತು. ಮಂಗಳವಾರದ ಪುಟದಲ್ಲಿ ಹೀಗಿತ್ತು:

‘10.40. ಟಿವಿಯವರು, ಮೂವರು. ಇನ್‌ಸ್ಪೆಕ್ಟರ್ ಸಾರ್ ಮನೆಗೆ. ಮನೆ ಬೀಗ ಹಾಕಿತ್ತು. ಆದರೂ ಮೇಲೆ ಹೋದರು. ಹೋದದ್ದು 10.55. ಒಯ್ದದ್ದು: ಹಿತ್ತಾಳೆ ಹಲಗೆ, ಬಟ್ಟೆ ಸುತ್ತಿದ್ದು, ಒಂದು. ಕೇಳಿದ್ದಕ್ಕೆ ಕಥೆಗೆ ಬೇಕು ಎಂದರು.’

ಇನ್‌ಸ್ಪೆಕ್ಟರ್ ಎರಡು ಸಲ ಓದಿದ. ಆಮೇಲೆ ಸ್ಟೂಲಿನ ಮೇಲೆ ಪೂರ್ತಿ ಕೂತ. ಮುಂದಿನ ವಾರ ಬರಲಿರುವ ಕಂತಿನ ಮೊದಲ ದೃಶ್ಯದಲ್ಲಿ, ತನ್ನ ಕೈಯಾರೆ, ‘ಕೊಲೆಗಾರನ ಬಾಗಿಲಿಗೆ ದೊಡ್ಡ ಹಿತ್ತಾಳೆ ನಾಮಫಲಕ; ನಮ್ಮ ಎದುರು ಮನೆಯವರದ್ದು ನೋಡಿ’ ಎಂದು ಬರೆದಿದ್ದ. ಮಾದರಿಗೆ ನೋಡಿ ಎಂದು ಅವನ ಮನಸ್ಸಿನಲ್ಲಿತ್ತು. ಸೆಟ್ ಮೇಸ್ತ್ರಿ ಬರೀ ನೋಡಿ ಬರುವ ಜಾತಿಯವನಲ್ಲ.

"ನಿನ್ನೆಯೇ ಯಾಕೆ ಹೇಳಲಿಲ್ಲ?" ಎಂದು ನರಳಿದ.

"ಎರಡು ಸಲ ಹೇಳ್ದೆ ಸಾರ್," ಎಂದ ವಾಚ್‌ಮನ್.

ಅದೇ ಮಧ್ಯಾಹ್ನ ಅವನು ಸ್ಕ್ರೂಡ್ರೈವರ್ ಜೇಬಿನಲ್ಲಿಟ್ಟುಕೊಂಡು ಸೆಟ್ಟಿಗೆ ಹೋದ. ನಿರ್ಮಾಪಕಿ ಎರಡು ಫೋನುಗಳಲ್ಲಿ ಒಟ್ಟಿಗೆ ಮಾತಾಡುತ್ತ, ಮೂರನೆಯ ಕಿವಿ ಇದ್ದಿದ್ದರೆ ಅದನ್ನೂ ಬಳಸುವವಳಂತೆ ಓಡಾಡುತ್ತಿದ್ದಳು. ಪ್ಲೈವುಡ್ ಬಾಗಿಲಲ್ಲಿ ಕಾರ್ಯದರ್ಶಿಯ ಹಿತ್ತಾಳೆ, ಲೈಟು ಬಿದ್ದು ಹೊಳೆಯುತ್ತಿತ್ತು.

"ಬನ್ನಿ ರೈಟರೇ, ಸರಿಯಾದ ಹೊತ್ತಿಗೆ ಬಂದ್ರಿ. ನಮ್ಮ ಕೊಲೆಗಾರ ಕೈಕೊಟ್ಟ. ಸಿನಿಮಾ ಸಿಕ್ತಂತೆ. ಭಾನುವಾರ ಎರಡು ಗಂಟೆಗೆ ಅರೆಸ್ಟ್ ಸೀನ್ ಇದೆ. ವಾಚ್‌ಮನ್ ಮಾಡಿಬಿಡಿ."

"ಆಗಲ್ಲ."

ಮಾತು ಹೊರಬಿದ್ದ ಮೇಲೆ, ಯಾರು ಹೇಳಿದರು ಎಂದು ಅವನೇ ಹಿಂದೆ ತಿರುಗಿ ನೋಡಿದ. ಹನ್ನೆರಡು ವರ್ಷದಲ್ಲಿ ಅವನು ಈ ಸ್ಟುಡಿಯೊದೊಳಗೆ ಆ ಪದ ಬಳಸಿರಲಿಲ್ಲ. ಒಮ್ಮೆ ಸತ್ತವಳನ್ನೇ ಅಪರಾಧಿ ಮಾಡಿ ಎಂದಾಗಲೂ, ನೋಡೋಣ ಮೇಡಂ ಎಂದು ಮಾಡಿ ಕೊಟ್ಟಿದ್ದ.

ನಿರ್ಮಾಪಕಿ ಎರಡೂ ಫೋನು ಇಳಿಸಿದಳು. "ಏನಂದ್ರಿ?"

"ವಾಚ್‌ಮನ್ ಕದ್ದಿಲ್ಲ. ಕೊಂದೂ ಇಲ್ಲ. ಇನ್ನು ಮೇಲೆ ಅವನ ತಂಟೆಗೆ ಹೋಗಲ್ಲ."

"ಅವನ ಡೇಟ್ಸ್ ಇದೆ ರೀ!"

"ಡೇಟ್ಸ್ ಇದ್ದವರೆಲ್ಲ ಕಳ್ಳರಾ ಮೇಡಂ?"

ಲೈಟ್ ಹಿಡಿದವರು, ಮೇಕಪ್ಪಿನವರು, ಕುರ್ಚಿಯಲ್ಲಿ ಹೆಣವಾಗಿ ಕೂತಿದ್ದ ಹಿರಿಯ ನಟ, ಎಲ್ಲರೂ ತಿರುಗಿ ನೋಡಿದರು. ಹೆಣ ಮೆಲ್ಲಗೆ ಚಪ್ಪಾಳೆ ತಟ್ಟಿತು.

ಅವನು ನೇರ ಬಾಗಿಲಿಗೆ ಹೋಗಿ ಸ್ಕ್ರೂ ತಿರುಗಿಸತೊಡಗಿದ. "ಕಂಟಿನ್ಯುಯಿಟಿ! ಈ ಬಾಗಿಲು ಆಗಲೇ ಶೂಟ್ ಆಗಿದೆ!" ಎಂದು ನಿರ್ದೇಶಕ ಚೀರಿದ. ನಾಲ್ಕನೇ ಸ್ಕ್ರೂ ಮೊಂಡು ಹಿಡಿಯಿತು. ಅವನೂ ಹಿಡಿದ. ಕಾಲು ಕೊಟ್ಟು ಎಳೆದಾಗ ಫಲಕದ ಜೊತೆ ಬಾಗಿಲು ಬಂತು, ಬಾಗಿಲ ಜೊತೆ ಚೌಕಟ್ಟು ಬಂತು, ಚೌಕಟ್ಟಿನ ಹಿಂದೆ, ಆರುನೂರು ಕುಟುಂಬಗಳ ದುಃಖವನ್ನು ಕಂಡಿದ್ದ ನೀಲಿ ಗೋಡೆ ನಿಧಾನವಾಗಿ, ಗೌರವಯುತವಾಗಿ ಅವನ ಮೇಲೆ ಒರಗಿತು. ಧೂಳು ಇಳಿದಾಗ ಅವನು ಗೋಡೆಯಲ್ಲಿದ್ದ ಕಿಟಕಿಯ ತೂತಿನಲ್ಲಿ ಸರಿಯಾಗಿ ನಿಂತಿದ್ದ. ಒಂದು ಕೈಯಲ್ಲಿ ಹಿತ್ತಾಳೆ ಫಲಕ, ಇನ್ನೊಂದರಲ್ಲಿ ಹತ್ತೂ ಹತ್ತು ತೋರಿಸುತ್ತಿದ್ದ ಸ್ವಂತ ಗಡಿಯಾರ.

"ಭಾನುವಾರ ಹನ್ನೆರಡಕ್ಕೆ ಫೋನ್ ಮಾಡ್ತೀನಿ," ಎಂದಳು ನಿರ್ಮಾಪಕಿ, ತಣ್ಣಗೆ. "ವಾಚ್‌ಮನ್ ಅಂದ್ರೆ ನೀವು ಇರ್ತೀರಿ. ಇಲ್ಲಾಂದ್ರೆ ಮುಂದಿನದು ಬೇರೆಯವರು ಬರೀತಾರೆ."

ಮನೆಯಲ್ಲಿ ಹೆಂಡತಿ ಗಡಿಯಾರವನ್ನು ಎದೆಗೊತ್ತಿಕೊಂಡು ಎಲ್ಲವನ್ನೂ ಕೇಳಿಸಿಕೊಂಡಳು. "ರೀ, ಭಾನುವಾರ ಪತ್ತೆ ಹಚ್ಚಿದೆ ಅಂತ ಫಲಕ ಕೊಟ್ಟುಬಿಡಿ, ಸಾಕು. ಹೇಗೆ ಅಂತ ಯಾರೂ ಕೇಳಲ್ಲ. ನಿಮ್ಮ ಕಾರ್ಯಕ್ರಮದಲ್ಲೂ ಯಾರೂ ಕೇಳಲ್ವಲ್ಲ."

ಸಲಹೆ ಸಮಂಜಸವಾಗಿತ್ತು. ಮರ್ಯಾದೆಯೂ ಉಳಿಯುತ್ತದೆ, ವಾಚ್‌ಮನ್ನೂ ಉಳಿಯುತ್ತಾನೆ. ಭಾನುವಾರ ಹನ್ನೊಂದಕ್ಕೆ ಅವನು ಟವೆಲಿನಿಂದ ಫಲಕವನ್ನು ಸರ್ರನೆ ಹೊರಗೆಳೆದಾಗ ಬಿದ್ದ ಚಪ್ಪಾಳೆಗೆ ಪಾರಿವಾಳಗಳು ಹಾರಿದವು. ಕಾರ್ಯದರ್ಶಿ ಫಲಕವನ್ನು ಎರಡೂ ಕೈಯಲ್ಲಿ ಹಿಡಿದು, ಜೇಬಿನಿಂದ ಅಳತೆ ಟೇಪು ತೆಗೆದು, ಹದಿನಾರೂ ಒಂಬತ್ತೂ ಇದೆಯೆಂದು ಖಾತ್ರಿ ಮಾಡಿಕೊಂಡರು. ಅತ್ತೆ ಅಳಿಯನನ್ನು ಮದುವೆಯ ದಿನದ ನಂತರ ಮೊದಲ ಬಾರಿಗೆ ತಲೆಯಿಂದ ಕಾಲಿನವರೆಗೆ ನೋಡಿದರು. ಗೇಟಿನ ಕೋಣೆಯ ಮುಂದೆ ಕಟ್ಟಿಟ್ಟ ಎರಡು ಟ್ರಂಕುಗಳ ಪಕ್ಕ ವಾಚ್‌ಮನ್‌ನ ಹೆಂಡತಿ ನಿಂತಿದ್ದಳು.

"ಬಿಚ್ಚಿಡಮ್ಮ ಟ್ರಂಕು," ಎನ್ನಲು ಅವನು ಬಾಯಿ ತೆರೆಯುವಷ್ಟರಲ್ಲಿ ಕಾರ್ಯದರ್ಶಿ ಗಂಟಲು ಸರಿಮಾಡಿಕೊಂಡರು.

"ಈಗ ಸ್ಪಷ್ಟವಾಯ್ತು. ಇನ್‌ಸ್ಪೆಕ್ಟರ್ ಬೆನ್ನು ಹತ್ತಿದ್ದು ಗೊತ್ತಾಗಿ ಇವನು ಹೆದರಿ ಎಲ್ಲೋ ಎಸೆದಿದ್ದಾನೆ."

"ಮುನ್ನೂರ ನಲವತ್ತನೇ ಕಂತು," ಎಂದರು ಅತ್ತೆ. "ವಾಚ್‌ಮನ್ ಹೆದರಿ ಬಾವಿಗೆ ಎಸೀತಾನೆ."

"ಹೊರಡಯ್ಯಾ," ಎಂದರು ಕಾರ್ಯದರ್ಶಿ.

ಇನ್‌ಸ್ಪೆಕ್ಟರ್ ಸುತ್ತ ನೋಡಿದ. ಚಪ್ಪಾಳೆಯ ಬಿಸಿ ಇನ್ನೂ ಕಿವಿಯಲ್ಲಿತ್ತು. ಹೆಂಡತಿ ಸುಮ್ಮನಿರಿ ಎಂದು ಕಣ್ಣಲ್ಲೇ ಹೇಳಿದಳು. ಆಮೇಲೆ ಆ ಟ್ರಂಕುಗಳ ಕಡೆ ನೋಡಿ, ಹೇಳಿಬಿಡಿ ಎಂದು ತಲೆ ಆಡಿಸಿದಳು.

"ಮುನ್ನೂರ ನಲವತ್ತರಲ್ಲಿ ಬಾವಿಗೆ ಎಸೆದದ್ದು ತಮ್ಮ," ಎಂದ ಅವನು. "ಆ ತಮ್ಮನಿಗೆ ಸೀತಾಳೆ ಸಿಡುಬು ಎದ್ದಿತು. ಅದಕ್ಕೆ ವಾಚ್‌ಮನ್ ಎಸೆದ."

"ಏನು?"

"ನೂರ ಎಂಬತ್ತರಲ್ಲಿ ದೀಪ ಕದ್ದದ್ದು ಚಿಕ್ಕಮ್ಮ. ಅವರ ಕಾಲು ಉಳುಕಿತು. ಇನ್ನೂರ ಆರರಲ್ಲಿ ವಕೀಲ. ಅವನು ನಿರ್ದೇಶಕರ ಜೊತೆ ಜಗಳ ಮಾಡಿಕೊಂಡ. ಒಟ್ಟು ಎಪ್ಪತ್ತನಾಲ್ಕು ಸಲ ವಾಚ್‌ಮನ್ ಅಪರಾಧಿ. ನಿನ್ನೆ ಕೂತು ಎಣಿಸಿದೆ. ಎಪ್ಪತ್ತನಾಲ್ಕು ಸಲವೂ ಬೇರೆ ಯಾರೋ ಕೈಕೊಟ್ಟಿದ್ದಕ್ಕೆ. ನಾನು ಇವತ್ತಿನವರೆಗೆ ಒಂದು ಅಪರಾಧವನ್ನೂ ಪತ್ತೆ ಹಚ್ಚಿಲ್ಲ. ಯಾರು ಬಿಡುವಾಗಿದ್ದಾರೋ ಅವರನ್ನ ಹಿಡಿಸಿದ್ದೇನೆ."

ಅತ್ತೆ ಮಡಚಿದ್ದ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದರು. ಹನ್ನೆರಡು ವರ್ಷದ ಶುಕ್ರವಾರಗಳು ಆ ಬೆರಳುಗಳಿಂದ ಜಾರಿ ಹೋಗುತ್ತಿದ್ದವು.

"ಇವರು ಸುಳ್ಳು ಹೇಳ್ತಿದ್ದಾರೆ," ಎಂದರು ಡಾಕ್ಟರು ಕೊನೆಗೆ. "ಬಡವನ ಮೇಲೆ ಕನಿಕರಕ್ಕೆ. ದೊಡ್ಡ ಮನಸ್ಸು."

ಅವನಿಗೆ ಪಿತ್ತ ನೆತ್ತಿಗೇರಿತು. ಸುಳ್ಳು ಬರೆದಾಗಲೆಲ್ಲ ನಂಬಿದವರು ನಿಜ ಹೇಳಿದಾಗ ದೊಡ್ಡ ಮನಸ್ಸು ಎನ್ನುತ್ತಿದ್ದಾರೆ.

"ಫಲಕ ತೆಗೆಸಿದ್ದು ನಾನು ಸ್ವಾಮಿ! ನನ್ನ ಕಥೆಗೆ. ಕೊಲೆಗಾರನ ಬಾಗಿಲಿಗೆ ಹಾಕೋಕೆ!"

"ನನ್ನ ಹೆಸರು? ಕೊಲೆಗಾರನ ಬಾಗಿಲಿಗೆ?" ಕಾರ್ಯದರ್ಶಿಗಳ ಮುಖ ಹಿತ್ತಾಳೆಯ ಬಣ್ಣಕ್ಕೆ ತಿರುಗಿತು.

"ಬಾಗಿಲು ಒಂದೂವರೆ ಸೆಕೆಂಡ್ ಮಾತ್ರ ಕಾಣಿಸುತ್ತೆ."

"ಬರೀ ಒಂದೂವರೇನಾ?" ಎಂದರು ಕಾರ್ಯದರ್ಶಿ. ಅಳತೆಯ ಇಲಾಖೆಯವರ ದನಿಯಲ್ಲಿ ಸ್ವಲ್ಪ ನಿರಾಸೆಯಿತ್ತು. ತಕ್ಷಣ ಸಾವರಿಸಿಕೊಂಡು, "ಸಾಕ್ಷಿ ಏನಿದೆ?" ಎಂದು ಗುಡುಗಿದರು.

"ಸಾರ್, ರಿಜಿಸ್ಟರಲ್ಲಿ..." ಎಂದ ವಾಚ್‌ಮನ್.

"ಆಮೇಲೆ!"

"ಆಮೇಲೆ ಅಲ್ಲ!" ಎಂದು ಇನ್‌ಸ್ಪೆಕ್ಟರ್ ಕೂಗಿದ ಕೂಗಿಗೆ ಒಂದು ಪ್ಲಾಸ್ಟಿಕ್ ಕುರ್ಚಿ ಉರುಳಿತು. "ಈಗ. ನಾಲ್ಕು ದಿನದಿಂದ ಇವನೊಬ್ಬನೇ ನಿಜ ಕೈಯಲ್ಲಿ ಹಿಡ್ಕೊಂಡು ಓಡಾಡ್ತಿದ್ದಾನೆ. ಅತ್ತೆ, ನೀವೇ ಓದಿ. ನನ್ನ ಬಾಯಿಂದ ಬಂದದ್ದು ನೀವು ಹೇಗೂ ನಂಬಲ್ಲ."

ಅತ್ತೆ ಕನ್ನಡಕ ಏರಿಸಿ ಮಂಗಳವಾರದ ಪುಟವನ್ನು ಗಟ್ಟಿಯಾಗಿ ಓದಿದರು. ಹಿತ್ತಾಳೆ ಹಲಗೆ, ಬಟ್ಟೆ ಸುತ್ತಿದ್ದು, ಒಂದು ಎಂಬಲ್ಲಿಗೆ ಬಂದಾಗ ಸಭೆ ಕುರ್ಚಿಗಳನ್ನು ಮುಂದಕ್ಕೆಳೆದುಕೊಂಡಿತು. ಕಥೆಗೆ ಬೇಕು ಎಂದರು ಎಂದು ಮುಗಿಸಿ ಅವರು ನಿಲ್ಲಿಸಲಿಲ್ಲ.

"ಕೆಳಗೆ ಕೆಂಪು ಶಾಯಿಯಲ್ಲಿ, ‘ಪರಿಶೀಲಿಸಲಾಗಿದೆ, ಸರಿಯಿದೆ, ಸಂಜೆ ಆರು ಗಂಟೆ’ ಅಂತಿದೆ. ಆಮೇಲೆ ಒಂದು ಸಹಿ." ಪುಟವನ್ನು ಬೆಳಕಿಗೆ ಹಿಡಿದರು. "ಕಾರ್ಯದರ್ಶಿಗಳದ್ದು."

ದಿನವೂ ಸಂಜೆ ಆರಕ್ಕೆ ರಿಜಿಸ್ಟರಿಗೆ ಸಹಿ ಹಾಕುವುದು ಕಾರ್ಯದರ್ಶಿಗಳ ಒಂಬತ್ತು ವರ್ಷದ ಶಿಸ್ತು. ಓದುವುದು ಆ ಶಿಸ್ತಿನ ಭಾಗವಾಗಿರಲಿಲ್ಲ. ತಮ್ಮ ಫಲಕ ಹೊರಹೋದದ್ದನ್ನು ಪರಿಶೀಲಿಸಿ, ಸರಿಯಿದೆ ಎಂದು ದೃಢೀಕರಿಸಿ, ಐದು ನಿಮಿಷದ ನಂತರ ಮೇಲೆ ಹೋಗಿ ಆರ್ತನಾದ ಮಾಡಿದ್ದರು.

ವಾಚ್‌ಮನ್‌ನ ಹೆಂಡತಿ ಯಾರ ಅಪ್ಪಣೆಗೂ ಕಾಯದೆ ಒಂದು ಟ್ರಂಕನ್ನು ಒಳಕ್ಕೆಳೆದಳು. ಸಿಮೆಂಟಿನ ಮೇಲೆ ಅದು ಕರಕರ ಸದ್ದು ಮಾಡಿತು. ಕಾರ್ಯದರ್ಶಿ ಏನೋ ಹೇಳಲು ಹೋಗಿ, ಅಳತೆ ಟೇಪನ್ನು ಎಳೆದು ಬಿಟ್ಟು, ಎಳೆದು ಬಿಟ್ಟು, "ಇನ್ನೊಂದು ಟ್ರಂಕು ಭಾರ ಇರಬೇಕು, ಯಾರಾದ್ರೂ ಕೈ ಹಾಕ್ರಪ್ಪ" ಎಂದರು. ಸಂಘದ ಇತಿಹಾಸದಲ್ಲಿ ಅವರ ಕ್ಷಮಾಪಣೆ ಎಂದು ದಾಖಲಾಗಿರುವುದು ಇಷ್ಟೇ. ಸಭೆ ತನ್ನ ಗೌರವ ಉಳಿಸಿಕೊಳ್ಳಲು ಒಂದು ಹೊಸ ನಿಯಮವೂ ಆಗಲೇ ಪಾಸಾಯಿತು: ಇನ್ನು ಮೇಲೆ ಮೂರನೇ ಮಹಡಿಯ ಬರಹಗಾರ ಗೇಟು ದಾಟುವಾಗಲೂ ರಿಜಿಸ್ಟರಿನಲ್ಲಿ ಬರೆಸತಕ್ಕದ್ದು.

ಇನ್‌ಸ್ಪೆಕ್ಟರ್ ಎಂದು ಯಾರೂ ಅನ್ನಲಿಲ್ಲ. ಆ ಹುದ್ದೆ ಅಷ್ಟಕ್ಕೆ ಕೊನೆಗೊಂಡಿತ್ತು.

ಆಗ ಜೇಬಿನಲ್ಲಿ ಫೋನು ಬಡಿದುಕೊಂಡಿತು. ಹನ್ನೆರಡು ಗಂಟೆ. ನಿರ್ಮಾಪಕಿಯ ದನಿ ಎಷ್ಟು ದೊಡ್ಡದೆಂದರೆ ಸ್ಪೀಕರ್ ಹಾಕುವ ಅಗತ್ಯವಿರಲಿಲ್ಲ.

"ಹೇಳಿ ರೈಟರೇ. ವಾಚ್‌ಮನ್ನೋ, ಬೇರೆ ರೈಟರೋ?"

ಸಭೆ ಅವನ ಮುಖ ನೋಡಿತು. ಹೊರಟವರು ಕುರ್ಚಿ ಹಿಡಿದುಕೊಂಡೇ ನಿಂತರು.

"ವಾಚ್‌ಮನ್ ಅಲ್ಲ. ಇನ್‌ಸ್ಪೆಕ್ಟರ್ ಈ ಸಲ ಗೇಟಿಗೆ ಹೋಗಿ ರಿಜಿಸ್ಟರ್ ಓದ್ತಾನೆ. ಅದರಲ್ಲಿ ಅಪರಾಧಿ ಸಿಗ್ತಾನೆ. ಅವನೊಬ್ಬ ಟಿವಿ ಬರಹಗಾರ. ಎದುರು ಮನೆಯವರ ನಾಮಫಲಕ ತೆಗೆಸಿದವನು. ಹನ್ನೆರಡು ವರ್ಷ ಸಿಕ್ಕಿಬೀಳದೆ ಓಡಾಡಿದವನು."

ಫೋನಿನ ಆಚೆ ಕಾಗದ ಮಗುಚುವ ಸದ್ದು.

"ಕಥೆ ಪರವಾಗಿಲ್ಲ," ಎಂದಳು ನಿರ್ಮಾಪಕಿ. "ಆದ್ರೆ ಎರಡು ಗಂಟೆಗೆ ಯಾವ ನಟ ಸಿಗ್ತಾನೆ? ಯಾರ ಡೇಟ್ಸ್ ಇದೆ?"

"ನಂದಿದೆ."

"ಅಳಿಯಂದ್ರೇ!" ಎಂದು ಅತ್ತೆ ಎದ್ದು ನಿಂತರು. ಬೈಯಲು ಎಂದು ಎಲ್ಲರೂ ಅಂದುಕೊಂಡರು. "ಆ ಮಾಸಲು ಅಂಗಿ ಹಾಕ್ಕೊಂಡು ಹೋಗಬೇಡಿ. ಅಪರಾಧಿ ಅಂದ್ರೆ ಸ್ವಲ್ಪ ಗತ್ತಿರಬೇಕು."

ಹನ್ನೆರಡೂವರೆಗೆ ಅವನು ಇಸ್ತ್ರಿ ಮಾಡಿದ ಅಂಗಿಯಲ್ಲಿ ಗೇಟಿಗೆ ಬಂದ. ವಾಚ್‌ಮನ್ ಅಡ್ಡಗಟ್ಟಿದ, ಹೊಸ ನಿಯಮದಂತೆ. ರಿಜಿಸ್ಟರ್ ತೆರೆದು, ಪೆನ್ನಿನ ಕ್ಯಾಪು ಹಲ್ಲಲ್ಲಿ ಕಚ್ಚಿ ತೆಗೆದು, ಸಮಯ ಬರೆದ.

"ಒಯ್ಯೋದು ಏನು ಸಾರ್?"

"ಏನೂ ಇಲ್ಲ. ಗಡಿಯಾರ ಮನೇಲೇ ಇದೆ, ಮೇಲೆ ಹೋಗಿ ನೋಡಬಹುದು."

"ಎಲ್ಲಿಗೆ, ಯಾಕೆ ಅಂತ ಬರೀಲಿ?"

"ಸಿಕ್ಕಿಬೀಳೋಕೆ ಅಂತ ಬರಿ."

ವಾಚ್‌ಮನ್ ಒಂದು ಕ್ಷಣ ಅವನನ್ನು ನೋಡಿ, ತನ್ನ ದುಂಡಗಿನ ಅಕ್ಷರದಲ್ಲಿ ಹಾಗೇ ಬರೆದ. ಆಮೇಲೆ ಪುಟವನ್ನು ಅವನ ಕಡೆ ತಿರುಗಿಸಿ, ಪೆನ್ನು ಕೊಟ್ಟ.

"ಓದಿ, ಆಮೇಲೆ ಸಹಿ ಹಾಕಿ ಸಾರ್," ಎಂದ.